ಪಟ್ಟಿಯಲ್ಲಿ ಇಲ್ಲದ ಪೆಟ್ಟಿಗೆ

ಸಾಮಾನು ಕಾಣೆಯಾದರೆ ಎಲ್ಲರೂ ಮೊದಲು ಬೀರು ತೆರೆದು ಹುಡುಕುತ್ತಾರೆ. ನಾನು ಮೊದಲು ರಿಜಿಸ್ಟರ್ ತೆರೆಯುತ್ತೇನೆ. ಹಳೆಯ ವಸ್ತುಗಳ ಸಂಗ್ರಹ ಇರುವ ಕಡೆ ಹೋಗಿ, ಪಟ್ಟಿ ಹಿಡಿದು ಒಂದೊಂದೇ ಬಾಬ್ತು ತಾಳೆ ನೋಡುವುದು ನನ್ನ ಕೆಲಸ. ಇಪ್ಪತ್ತು ವರ್ಷಕ್ಕೂ ಜಾಸ್ತಿ ಆಯಿತು. ಹಾಗಾಗಿ ಪರಿಚಯದವರು ನನ್ನನ್ನು ಆಗಾಗ ಒಂದು ಪ್ರಶ್ನೆ ಕೇಳುತ್ತಾರೆ. ದೇವರು ಮೋಶೆಗೆ ಕೊಟ್ಟ ಹತ್ತು ಆಜ್ಞೆಗಳ ಕಲ್ಲುಗಳನ್ನು ಇಟ್ಟಿದ್ದ ಪೆಟ್ಟಿಗೆ, ಬೈಬಲಿನ ಒಡಂಬಡಿಕೆಯ ಮಂಜೂಷ, ಈಗ ಎಲ್ಲಿರಬಹುದು?

ನನಗೆ ಆ ಪ್ರಶ್ನೆಗಿಂತ ಇನ್ನೊಂದು ಮುಖ್ಯ ಅನ್ನಿಸುತ್ತದೆ. ಅದನ್ನು ಕೊನೆಯ ಸಲ ಕಂಡವರು ಯಾರು, ಯಾವಾಗ?

ಮೊದಲು ವಸ್ತು ಯಾವುದು ಎಂದು ನೋಡೋಣ. ಬೈಬಲಿನ ವಿಮೋಚನಕಾಂಡದ 25ನೇ ಅಧ್ಯಾಯದಲ್ಲಿ ಅದರ ವಿವರ ಬಡಗಿಗೆ ಕೊಟ್ಟ ಲೆಕ್ಕದ ಹಾಗೇ ಇದೆ. ಜಾಲಿ ಮರದ ಪೆಟ್ಟಿಗೆ. ಎರಡೂವರೆ ಮೊಳ ಉದ್ದ, ಒಂದೂವರೆ ಮೊಳ ಅಗಲ, ಒಂದೂವರೆ ಮೊಳ ಎತ್ತರ. ಅಂದರೆ ಸುಮಾರು 112 ಸೆಂಟಿಮೀಟರ್ ಉದ್ದ, 67 ಸೆಂಟಿಮೀಟರ್ ಅಗಲ. ನಮ್ಮ ಹಳೆಯ ಮನೆಗಳ ಬಟ್ಟೆ ಪೆಟ್ಟಿಗೆಯಷ್ಟು ದೊಡ್ಡದು, ಅಷ್ಟೇ. ಒಳಗೂ ಹೊರಗೂ ಚಿನ್ನದ ತಗಡು. ನಾಲ್ಕು ಚಿನ್ನದ ಬಳೆ, ಅವುಗಳಲ್ಲಿ ಹೊರುವ ಕೋಲು. ಆ ಕೋಲುಗಳನ್ನು ತೆಗೆಯಬಾರದು ಎಂಬ ಕಟ್ಟಪ್ಪಣೆ. ಮೇಲೆ ಅಪ್ಪಟ ಚಿನ್ನದ ಮುಚ್ಚಳ, ಅದರ ಎರಡು ತುದಿಗೆ ರೆಕ್ಕೆ ಬಿಚ್ಚಿದ ಎರಡು ಕೆರೂಬಿಗಳು, ಅಂದರೆ ದೇವದೂತರ ಮೂರ್ತಿಗಳು. ಒಳಗೆ ಆಜ್ಞೆಗಳನ್ನು ಕೊರೆದ ಎರಡು ಕಲ್ಲಿನ ಹಲಗೆಗಳು.

ಕನ್ನಡ ಬೈಬಲಿನಲ್ಲಿ 'ಜಾಲಿ' ಎಂದು ಓದಿದಾಗ ನಮ್ಮ ಬಯಲುಸೀಮೆಯವರಿಗೆ ಮರ ಥಟ್ಟನೆ ಕಣ್ಣ ಮುಂದೆ ಬರುತ್ತದೆ. ಸಿನಾಯ್ ಮರಳುಗಾಡಿನ ಜಾಲಿ ನಮ್ಮ ಕರಿಜಾಲಿಯೇ ಅಲ್ಲ, ಅದರ ನೆಂಟ. ಗಾಡಿ ಚಕ್ರಕ್ಕೆ, ನೇಗಿಲಿಗೆ ಹಾಕುವ ಗಟ್ಟಿ ಜಾತಿ. ಇಂಥ ಪೆಟ್ಟಿಗೆ ಮೂರು ಸಾವಿರ ವರ್ಷ ಉಳಿಯುತ್ತದೆಯೇ? ಒಣಗಿದ ಜಾಗದಲ್ಲಿ ಉಳಿಯುತ್ತದೆ. 1922ರಲ್ಲಿ ತೆರೆದ ಟುಟಾಂಖಾಮನ್ ಗೋರಿಯಲ್ಲಿ ನರಿಯ ರೂಪದ ಅನುಬಿಸ್ ಕೂತಿರುವ ಮರದ ಪೆಟ್ಟಿಗೆ ಸಿಕ್ಕಿತು. ಅದಕ್ಕೂ ಚಿನ್ನದ ಹೊದಿಕೆ, ಅದಕ್ಕೂ ಹೊರುವ ಕೋಲು. ಆದರೆ ಯೆರೂಸಲೇಮಿನ ಬೆಟ್ಟದಲ್ಲಿ ಚಳಿಗಾಲದಲ್ಲಿ ಮಳೆ ಸುರಿಯುತ್ತದೆ. ಒದ್ದೆ ಮಣ್ಣಿನಲ್ಲಿ ಹೂತಿಟ್ಟಿದ್ದರೆ ಮರ ಮಣ್ಣಾಗಿ, ಸುಕ್ಕುಗಟ್ಟಿದ ಚಿನ್ನದ ತಗಡು, ಚಿನ್ನದ ಮುಚ್ಚಳ, ಬಳೆ, ಎರಡು ಕಲ್ಲು ಮಾತ್ರ ಉಳಿದಿರುತ್ತವೆ.

ಇನ್ನು ಅದು ಓಡಾಡಿದ ದಾರಿ. ಇಸ್ರಾಯೇಲ್ಯರ ಶತ್ರುಗಳಾದ ಫಿಲಿಷ್ಟಿಯರು ಯುದ್ಧದಲ್ಲಿ ಅದನ್ನು ಹಿಡಿದುಕೊಂಡು ಹೋದರು. ಏಳು ತಿಂಗಳು ತಮ್ಮಲ್ಲಿಟ್ಟುಕೊಂಡು, ಕೇಡಿನ ಮೇಲೆ ಕೇಡು ಬಂದದ್ದರಿಂದ ಹೊಸ ಗಾಡಿಗೆ ಎರಡು ಹಾಲು ಕೊಡುವ ಹಸು ಕಟ್ಟಿ ವಾಪಸ್ ಕಳಿಸಿದರು. ಕರುಗಳನ್ನು ಕೊಟ್ಟಿಗೆಯಲ್ಲೇ ಕಟ್ಟಿಹಾಕಿದ್ದರು. ಆ ಹಸುಗಳು ಕೂಗುತ್ತಲೇ, ಎಡಕ್ಕೂ ಬಲಕ್ಕೂ ತಿರುಗದೆ ಬೇತ್‌ಷೆಮೆಷಿನ ದಾರಿ ಹಿಡಿದು ನಡೆದವು ಎಂದು ಸಮುವೇಲನ ಮೊದಲ ಪುಸ್ತಕ ಹೇಳುತ್ತದೆ. ಎಷ್ಟು ಸಲ ಓದಿದರೂ ನನಗೆ ಕರುಳು ಚುರ್ ಅನ್ನುವ ಸಾಲು ಇದು. ಅಲ್ಲಿಂದ ಪೆಟ್ಟಿಗೆ ಕಿರ್ಯತ್ಯಾರೀಮಿಗೆ ಬಂತು. ಆಮೇಲೆ ಅರಸ ದಾವೀದ ಯೆರೂಸಲೇಮಿಗೆ ತಂದ. ಅವನ ಮಗ ಸೊಲೊಮೋನ ದೇವಾಲಯ ಕಟ್ಟಿ ಒಳಗಿನ ಕೋಣೆಯಲ್ಲಿ ಇಟ್ಟ.

ಇಲ್ಲಿ ಒಂದು ಷರಾ ಇದೆ. ಕೋಲುಗಳ ತುದಿ ಆ ಕೋಣೆಯ ಮುಂದೆ ನಿಂತರೆ ಕಾಣುತ್ತಿತ್ತು, ಅವು ಇಂದಿನವರೆಗೂ ಅಲ್ಲೇ ಇವೆ ಎಂದು ಅರಸುಗಳ ಮೊದಲ ಪುಸ್ತಕ ಬರೆಯುತ್ತದೆ. ಅದೇ ಬರಹದ ಕೊನೆಯಲ್ಲಿ, ಅಂದರೆ ಅರಸುಗಳ ಎರಡನೇ ಪುಸ್ತಕದಲ್ಲಿ, ದೇವಾಲಯ ಸುಟ್ಟುಹೋಗುತ್ತದೆ! ಹಾಗಾದರೆ 'ಇಂದು' ಅಂದರೆ ಯಾವತ್ತು? ನಮ್ಮ ಕೆಲಸದಲ್ಲಿ ಇದು ದಿನಾ ನೋಡುವ ಸಂಗತಿ. ಹಳೆಯ ರಿಜಿಸ್ಟರ್ ನೋಡಿ ಹೊಸದು ಬರೆಯುವಾಗ 'ಇದೆ' ಅನ್ನುವ ಷರಾವನ್ನೂ ಸೇರಿಸಿ ನಕಲು ಮಾಡಿಬಿಡುತ್ತಾರೆ. ಮೂರನೇ ರಿಜಿಸ್ಟರಿಗೆ ಬರುವ ಹೊತ್ತಿಗೆ ವಸ್ತು ಹೋಗಿ ಎಷ್ಟೋ ಕಾಲ ಆಗಿರುತ್ತದೆ.

ಸೊಲೊಮೋನನ ಕಾಲದ ಮೇಲೆ ಆ ದೇವಾಲಯದ ಚಿನ್ನಕ್ಕೆ ನೆಮ್ಮದಿ ಇರಲಿಲ್ಲ. ಅವನ ಮಗ ರೆಹಬ್ಬಾಮನ ಐದನೇ ವರ್ಷದಲ್ಲಿ ಈಜಿಪ್ಟಿನ ಶೀಶಕ ಬಂದು ಭಂಡಾರ ಬಳಿದುಕೊಂಡು ಹೋದ. ಮುಂದೆ ಉತ್ತರದಲ್ಲಿ ಬೇರೆಯಾಗಿದ್ದ ಇಸ್ರಾಯೇಲ್ ರಾಜ್ಯದ ಅರಸ ಯೆಹೋವಾಷನೂ ದೋಚಿದ. ಯೆರೂಸಲೇಮಿನ ಅರಸ ಆಹಾಜ ತಾನೇ ಭಂಡಾರದ ಬೆಳ್ಳಿ ಬಂಗಾರ ತೆಗೆದು ಅಶ್ಶೂರದ ಅರಸನಿಗೆ ಕಳಿಸಿದ. ಅವನ ಮಗ ಹಿಜ್ಕೀಯ ದೈವಭಕ್ತ. ಆದರೂ ಕ್ರಿ.ಪೂ. 701ರಲ್ಲಿ ಅಶ್ಶೂರದ ಸನ್ಹೇರೀಬ ಮೇಲೆ ಬಿದ್ದಾಗ, ದೇವಾಲಯದ ಬಾಗಿಲುಗಳಿಗೆ ತಾನೇ ಹೊದಿಸಿದ್ದ ಚಿನ್ನವನ್ನು ಕಿತ್ತು ಕೊಟ್ಟ. ಕೊಟ್ಟ ಚಿನ್ನ 30 ತಲಾಂತು (ಆ ಕಾಲದ ತೂಕದ ಅಳತೆ) ಎಂದು ಬೈಬಲ್ ಹೇಳುತ್ತದೆ. ಸನ್ಹೇರೀಬ ಮಣ್ಣಿನ ಆರುಮುಖದ ಪಟ್ಟಕದ ಮೇಲೆ ಬರೆಸಿದ ಲೆಕ್ಕವೂ ಉಳಿದಿದೆ, ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿ. ಅದರಲ್ಲೂ ಚಿನ್ನ 30 ತಲಾಂತೇ. ಬೆಳ್ಳಿ ಮಾತ್ರ ತಾಳೆಯಾಗುವುದಿಲ್ಲ. ಬೈಬಲಿನಲ್ಲಿ 300, ಅಶ್ಶೂರದ ಲೆಕ್ಕದಲ್ಲಿ 800. ಕೊಟ್ಟವನ ಪಟ್ಟಿ, ತೆಗೆದುಕೊಂಡವನ ಪಟ್ಟಿ ಎರಡೂ ಎದುರೆದುರು ಸಿಗುವುದು ಎಷ್ಟು ಅಪರೂಪ ಎಂದು ಈ ಕೆಲಸ ಮಾಡಿದವರಿಗೆ ಗೊತ್ತು.

ಇಲ್ಲಿ ನನ್ನದೇ ಒಂದು ಅನುಭವ ಹೇಳಬೇಕು. ಒಂದು ಹಳೆಯ ಮನೆತನದ ಪಟ್ಟಿಯಲ್ಲಿ 'ಬೆಳ್ಳಿ ತಗಡಿನ ದೇವರ ಪೆಟ್ಟಿಗೆ, 1' ಎಂದಿತ್ತು. ಪೆಟ್ಟಿಗೆ ಇರಲಿಲ್ಲ. ಮುತ್ತಜ್ಜ ಅದನ್ನು ಹಿತ್ತಲಲ್ಲಿ ಎಲ್ಲೋ ಹೂತಿಟ್ಟಿದ್ದಾರೆ ಎಂದು ಮನೆಯವರೆಲ್ಲ ನಂಬಿದ್ದರು. ಎರಡು ದಿನ ಹುಡುಕಿದೆವು. ಮೂರನೇ ದಿನ ಒಂದು ಖರ್ಚಿನ ಪುಸ್ತಕ ತಿರುವಿ ಹಾಕುವಾಗ ಸಾಲು ಕಣ್ಣಿಗೆ ಬಿತ್ತು. ಮದುವೆ ಸಾಲದ ವರ್ಷ, ಪೆಟ್ಟಿಗೆಯ ತಗಡು ಬಿಚ್ಚಿ ತೂಕಕ್ಕೆ ಕೊಟ್ಟಿದ್ದರು. ಮರ ಅಟ್ಟದ ಮೇಲೇ ಇತ್ತು. ಒಳಗೆ ಹುಣಸೆಹಣ್ಣು ತುಂಬಿದ್ದರು. ನಾನು ಎರಡು ಸಲ ಅದರ ಪಕ್ಕದಲ್ಲೇ ಹಾದುಹೋಗಿದ್ದೆ. ಟಾರ್ಚ್ ಹಿಡಿದು ಬಗ್ಗಿ ನೋಡಿದರೆ ಅಂಚಿನುದ್ದಕ್ಕೂ ಸಾಲಾಗಿ ಸಣ್ಣ ಮೊಳೆಗಳ ತೂತು.

ಮಂಜೂಷಕ್ಕೂ ಹೀಗೇ ಆಯಿತು ಎಂದು ಹೇಳುವ ಆಧಾರ ನನ್ನಲ್ಲಿಲ್ಲ. ಆದರೆ ಗುಹೆ, ಸುರಂಗ ಎಂದು ಯೋಚಿಸುವ ಮೊದಲು ಈ ಸಾಧ್ಯತೆಯನ್ನು ಪಕ್ಕಕ್ಕೆ ಸರಿಸಬಾರದು.

ಅದರ ಹೆಸರು ಕೊನೆಯ ಸಲ ಬರುವುದು ಅರಸ ಯೋಷೀಯನ ಕಾಲದಲ್ಲಿ, ಕ್ರಿ.ಪೂ. 622ರ ಸುಮಾರು. ಪವಿತ್ರ ಮಂಜೂಷವನ್ನು ದೇವಾಲಯದಲ್ಲಿಡಿ, ಇನ್ನು ಅದನ್ನು ಹೆಗಲ ಮೇಲೆ ಹೊರುವುದು ಬೇಡ ಎಂದು ಅವನು ದೇವಾಲಯದ ಸೇವೆಯ ಲೇವಿಯರಿಗೆ ಹೇಳುತ್ತಾನೆ. ಅಂದರೆ ಅದು ಹೊರಗಿತ್ತೇ? ಯಾಕೆ? ಈ ಮಾತು ಇರುವುದು ಪೂರ್ವಕಾಲವೃತ್ತಾಂತದಲ್ಲಿ ಮಾತ್ರ. ಆ ಪುಸ್ತಕ ಬರೆದದ್ದು ಯೋಷೀಯನ ನಂತರ ಎಷ್ಟೋ ತಲೆಮಾರು ಕಳೆದ ಮೇಲೆ. ಅವನ ಬಗ್ಗೆಯೇ ವಿವರವಾಗಿ ಬರೆಯುವ ಅರಸುಗಳ ಪುಸ್ತಕದಲ್ಲಿ ಈ ಮಾತಿಲ್ಲ. ಹಾಗಾಗಿ ನಾನು ಇದರ ಮೇಲೆ ಪೂರ್ತಿ ಭಾರ ಹಾಕುವುದಿಲ್ಲ.

ಮುಂದಿನದೇ ನನ್ನ ಪಾಲಿಗೆ ಎಲ್ಲಕ್ಕಿಂತ ಮುಖ್ಯ ದಾಖಲೆ. ಕ್ರಿ.ಪೂ. 586ರ ಹೊತ್ತಿಗೆ ಬಾಬೆಲಿನವರು (ಬ್ಯಾಬಿಲೋನಿನವರು) ದೇವಾಲಯ ಸುಟ್ಟರು. ಏನೇನು ಒಯ್ದರು ಎಂಬ ಪಟ್ಟಿ ಎರಡು ಕಡೆ ಇದೆ, ಅರಸುಗಳ ಎರಡನೇ ಪುಸ್ತಕದ ಕೊನೆಗೆ ಮತ್ತು ಪ್ರವಾದಿ ಯೆರೆಮೀಯನ ಪುಸ್ತಕದ ಕೊನೆಗೆ. ಬರೆದವರ ಕಣ್ಣು ಎಷ್ಟು ಸೂಕ್ಷ್ಮ ನೋಡಿ. ಕಂಚಿನ ಕಂಬದ ಎತ್ತರ 18 ಮೊಳ, ಸುತ್ತಳತೆ 12 ಮೊಳ, ತಗಡಿನ ದಪ್ಪ ನಾಲ್ಕು ಬೆರಳು, ಒಳಗೆ ಪೊಳ್ಳು. ಕಂಬದ ತಲೆಯ ಸುತ್ತ ದಾಳಿಂಬೆಗಳು ಒಟ್ಟು ನೂರು, ಅದರಲ್ಲಿ ಬದಿಗಳಲ್ಲಿ ಕಾಣುವುದು 96. ಬಟ್ಟಲು, ಸಲಿಕೆ, ದೀಪದ ಕುಡಿ ಕತ್ತರಿಸುವ ಕತ್ತರಿ, ಧೂಪದ ಚಮಚ ಯಾವುದೂ ಬಿಟ್ಟಿಲ್ಲ. ದಾಳಿಂಬೆ ಎಣಿಸಿದವರು ಮಂಜೂಷದ ಹೆಸರು ಎತ್ತುವುದಿಲ್ಲ. ಮರೆತರು ಅನ್ನಲು ಸಾಧ್ಯವೇ ಇಲ್ಲ. ನನ್ನ ಮಟ್ಟಿಗೆ ಅರ್ಥ ಇಷ್ಟೇ: ಬಾಬೆಲಿನವರು ಒಳಗೆ ಬರುವ ಮೊದಲೇ ಅದು ಅಲ್ಲಿರಲಿಲ್ಲ.

ಮುಂದೆ ಬಾಬೆಲನ್ನು ಗೆದ್ದ ಪರ್ಷಿಯಾದ ಅರಸ ಕೋರೆಷ (ಸೈರಸ್) ಆ ವಸ್ತುಗಳನ್ನು ಹಿಂತಿರುಗಿಸಿದಾಗ ಖಜಾನೆಯ ಮಿತ್ರದಾತ ಅವನ್ನು ಎಣಿಸಿ ಕೊಟ್ಟ. ಎಜ್ರನ ಪುಸ್ತಕದ ಮೊದಲ ಅಧ್ಯಾಯದಲ್ಲಿ ಆ ಪಟ್ಟಿ ಇದೆ. 30, 1000, 29, 30, 410, 1000. ಒಟ್ಟು 5,400 ಎಂದು ಬರೆದಿದ್ದಾರೆ. ನೀವೇ ಕೂಡಿಸಿ ನೋಡಿ, 2,499 ಬರುತ್ತದೆ. ಮಧ್ಯದಲ್ಲಿ ಸಾಲುಗಳು ಬಿಟ್ಟುಹೋಗಿರಬಹುದು, ಅಂಕಿ ತಪ್ಪಿರಬಹುದು. ಆ ವ್ಯತ್ಯಾಸದಲ್ಲಿ ಮಂಜೂಷ ಅಡಗಿದೆ ಎಂದು ಹೊರಟರೆ ಅದು ಸುಮ್ನೆ ಆಸೆ, ಲೆಕ್ಕ ಅಲ್ಲ.

ವಸ್ತು ಇಲ್ಲದ ಕಡೆ ಕಥೆ ಹುಟ್ಟುತ್ತದೆ. ಯೆರೆಮೀಯ ಅದನ್ನು ಮೋಶೆ ಹತ್ತಿದ ಬೆಟ್ಟದ ಗುಹೆಯಲ್ಲಿಟ್ಟು ಗುಹೆಯ ಬಾಯಿ ಮುಚ್ಚಿದ ಎಂದು ಹಳೆಯ ಯೆಹೂದಿ ಗ್ರಂಥವಾದ ಮಕ್ಕಬಿಯರ ಎರಡನೇ ಪುಸ್ತಕ ಹೇಳುತ್ತದೆ. ಯೋಷೀಯನೇ ಬಚ್ಚಿಟ್ಟ ಎಂಬುದು ಯೆಹೂದಿ ಗುರುಗಳಲ್ಲಿ ಒಂದು ಮತ. ದೇವಾಲಯದ ನೆಲದಲ್ಲಿ ಒಂದು ಚಪ್ಪಡಿ ಮಾತ್ರ ಬೇರೆ ಥರ ಇದ್ದದ್ದನ್ನು ಒಬ್ಬ ಯಾಜಕ ಗಮನಿಸಿದ, ಜೊತೆಯವನಿಗೆ ಹೇಳಿ ಮುಗಿಸುವ ಮೊದಲೇ ಪ್ರಾಣ ಬಿಟ್ಟ ಎಂದು ಅವರು ದಾಖಲಿಸಿದ್ದಾರೆ. ಇದನ್ನೆಲ್ಲ ನಂಬಿ ಅಗೆದವರೂ ಇದ್ದಾರೆ. ಬ್ರಿಟಿಷ್ ಅಧಿಕಾರಿ ಮಾಂಟೆಗ್ಯು ಪಾರ್ಕರ್ 1909ರಿಂದ ಯೆರೂಸಲೇಮಿನಲ್ಲಿ ಅಗೆಸಿದ. 1911ರಲ್ಲಿ ರಾತ್ರಿ ಹೊತ್ತು ಮುಸ್ಲಿಮರ ಪವಿತ್ರ ಕಟ್ಟಡವಾದ ಬಂಡೆಯ ಗುಮ್ಮಟದ (ಡೋಮ್ ಆಫ್ ದಿ ರಾಕ್) ಒಳಗೇ ಕೈ ಹಾಕಿದಾಗ ಊರಲ್ಲಿ ಗಲಭೆ ಎದ್ದಿತು, ಅವನ ತಂಡ ಯಾಫಾ ಬಂದರಿನಿಂದ ಓಡಿಹೋಯಿತು. ನಂಬಿಕೆಯವರ ಜಾಗಕ್ಕೆ ಹಾರೆ ಹಾಕಿ ಯಾವ ಸತ್ಯ ಸಿಗುತ್ತದೆ?

ಇಥಿಯೋಪಿಯಾದ ಅಕ್ಸುಮಿನ ಚರ್ಚಿನಲ್ಲಿ ಅದು ಇದೆ ಎಂದು ಅಲ್ಲಿಯ ಜನ ನಂಬುತ್ತಾರೆ. ಕಾಯುವ ಒಬ್ಬ ಸನ್ಯಾಸಿಯ ಹೊರತು ಯಾರೂ ನೋಡುವಂತಿಲ್ಲ. ಸೊಲೊಮೋನನ ಮಗ ಮೆನೆಲಿಕ್ ತಂದ ಕಥೆಯನ್ನು ಹೇಳುವ ಅವರ ಗ್ರಂಥ 14ನೇ ಶತಮಾನದ್ದು. ತಾಳೆ ನೋಡಲಾಗದ ವಸ್ತುವಿನ ಮುಂದೆ ನಾನು 'ಇದೆ' ಎಂದೂ ಬರೆಯುವುದಿಲ್ಲ, 'ಇಲ್ಲ' ಎಂದೂ ಬರೆಯುವುದಿಲ್ಲ. ಆದರೆ ಅದೇ ಇಥಿಯೋಪಿಯಾದ ಪ್ರತಿ ಚರ್ಚಿನಲ್ಲೂ ಆ ಆಜ್ಞೆಯ ಹಲಗೆಗಳ ನೆನಪಿಗೆ ಒಂದು 'ತಾಬೋತ್' ಇರುತ್ತದೆ. 1868ರಲ್ಲಿ ಮಗ್ದಲಾ ಕೋಟೆ ಬಿದ್ದಾಗ ಬ್ರಿಟಿಷ್ ಸೈನ್ಯ ದೋಚಿದ್ದರಲ್ಲಿ ತಾಬೋತ್‌ಗಳೂ ಇದ್ದವು. ಬ್ರಿಟಿಷ್ ಮ್ಯೂಸಿಯಂನಲ್ಲಿ ಇಂಥ 11 ತಾಬೋತ್‌ಗಳಿವೆ, ಪ್ರದರ್ಶನಕ್ಕಿಲ್ಲ. ಎಡಿನ್‌ಬರೋದ ಒಂದು ಚರ್ಚಿನ ಬೀರುವಿನಲ್ಲಿ ಸಿಕ್ಕ ಒಂದನ್ನು 2002ರಲ್ಲಿ ಹಿಂತಿರುಗಿಸಿದರು. ಅಡಿಸ್ ಅಬಾಬಾದಲ್ಲಿ ಜನ ಬೀದಿಗಿಳಿದು ಬರಮಾಡಿಕೊಂಡರು. ಎಲ್ಲಿದೆಯೋ ಗೊತ್ತಿಲ್ಲದ ಒಂದಕ್ಕೆ ಇಷ್ಟು ಹುಡುಕಾಟ, ವಿಳಾಸ ಗೊತ್ತಿರುವ ಹನ್ನೊಂದರ ಬಗ್ಗೆ ಇಷ್ಟು ಮೌನ. ಇದು ನನಗೆ ನಿಜವಾಗಿ ನೋವಿನ ವಿಷಯ.

ಕೊನೆಗೆ ಮಂಜೂಷವಿದ್ದ ಆ ಒಳಕೋಣೆ. ಬಾಬೆಲಿನಿಂದ ಬಂದವರು ದೇವಾಲಯ ಮತ್ತೆ ಕಟ್ಟಿದರು. ದೀಪಸ್ತಂಭ, ಮೇಜು, ಧೂಪವೇದಿ ಎಲ್ಲ ಇಟ್ಟರು. ಮಂಜೂಷವನ್ನು ಮಾತ್ರ ಹೊಸದಾಗಿ ಮಾಡಿಸಲಿಲ್ಲ. ಅಳತೆ ಇತ್ತು, ಜಾಲಿ ಮರ ಇತ್ತು. ಆದರೂ ಮಾಡಿಸಲಿಲ್ಲ. ಕ್ರಿ.ಪೂ. 63ರಲ್ಲಿ ರೋಮಿನ ಸೇನಾಪತಿ ಪಾಂಪೆ ಒಳಗೆ ನುಗ್ಗಿದ. ಅಲ್ಲಿ ದೇವರ ಮೂರ್ತಿ ಯಾವುದೂ ಇರಲಿಲ್ಲ, ಜಾಗ ಬರಿದಾಗಿತ್ತು ಎಂದು ರೋಮಿನ ಇತಿಹಾಸಕಾರ ಟ್ಯಾಸಿಟಸ್ ಬರೆದ.

ಪೂರ್ತಿ ಬರಿದಲ್ಲ. ಕ್ರಿ.ಶ. 200ರ ಸುಮಾರಿಗೆ ಒಟ್ಟುಗೂಡಿಸಿದ, ಯೆಹೂದಿ ಗುರುಗಳ ವಿಧಿಗಳ ಸಂಗ್ರಹವಾದ ಮಿಷ್ನಾ ಆ ನೆಲದಲ್ಲಿ ಒಂದು ಕಲ್ಲಿತ್ತು ಎನ್ನುತ್ತದೆ. ನೆಲದಿಂದ ಮೂರು ಬೆರಳು ಎತ್ತರ. ವರ್ಷಕ್ಕೊಂದು ದಿನ ಮಹಾಯಾಜಕ ಕೆಂಡದ ಪಾತ್ರೆ ಹಿಡಿದು ಕತ್ತಲ ಕೋಣೆಯೊಳಗೆ ಹೋಗಬೇಕು. ಮಂಜೂಷದ ಬಳಿಗೆ ಬಂದು ಎರಡು ಕೋಲುಗಳ ನಡುವೆ ಪಾತ್ರೆ ಇಡುತ್ತಾನೆ ಎಂದು ಒಂದು ಸಾಲಿದೆ. ಮಂಜೂಷ ಹೋದ ಮೇಲೆ ಆ ಕಲ್ಲಿನ ಮೇಲೆ ಇಡುತ್ತಿದ್ದ ಎಂಬುದು ಅದರ ಬೆನ್ನಿಗೇ ಬರುವ ಸಾಲು.