ಕಾಲ್ಪನಿಕ ಗೆಳೆಯ ಅಂದರೆ ಯಾರು?

"ಅಮ್ಮಾ, ಗುಂಡಂಗೂ ತಟ್ಟೆ ಹಾಕು" ಅಂತ ನಾಲ್ಕು ವರ್ಷದ ಮಗು ಹಟ ಹಿಡಿಯುತ್ತದೆ. ನೋಡಿದರೆ ಪಕ್ಕದಲ್ಲಿ ಯಾರೂ ಇಲ್ಲ. ಅಜ್ಜಿ ದೃಷ್ಟಿ ತೆಗೆಯಲು ಎದ್ದರೆ, ಅಪ್ಪ ಸುಳ್ಳು ಹೇಳಬಾರದು ಅಂತ ಗದರುತ್ತಾರೆ. ಎರಡೂ ಬೇಕಿಲ್ಲ.

ಈ ಗುಂಡನೇ ಕಾಲ್ಪನಿಕ ಗೆಳೆಯ. ಮಗು ತಾನೇ ಹುಟ್ಟಿಸಿ, ಹೆಸರಿಟ್ಟು, ಅವನಿಗೇನು ಇಷ್ಟ, ಯಾವುದಕ್ಕೆ ಹೆದರುತ್ತಾನೆ ಅನ್ನುವುದನ್ನೂ ತಾನೇ ತೀರ್ಮಾನಿಸಿ, ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಗಟ್ಟಲೆ ಜೊತೆಗಿಟ್ಟುಕೊಳ್ಳುವ ಗೆಳೆಯ. ಮನುಷ್ಯನೇ ಆಗಬೇಕಿಲ್ಲ, ಆನೆಮರಿಯೂ ಆಗಬಹುದು. ಜೀವ ಇದೆ ಅಂತ ಮಾತಾಡಿಸುವ ಬೊಂಬೆಯನ್ನೂ ಎಷ್ಟೋ ಸಂಶೋಧಕರು ಇದರಲ್ಲೇ ಸೇರಿಸುತ್ತಾರೆ. ಅಮೆರಿಕದ ಮನಶ್ಶಾಸ್ತ್ರಜ್ಞೆ ಮಾರ್ಜರಿ ಟೇಲರ್ ಮತ್ತು ಅವರ ತಂಡ 2004ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಏಳು ವರ್ಷದೊಳಗೆ ಒಮ್ಮೆಯಾದರೂ ಇಂಥ ಜೊತೆಗಾರ ಇದ್ದ ಮಕ್ಕಳು ನೂರಕ್ಕೆ 65. ಅಂದರೆ ಇದು ಅಪರೂಪದ್ದೇನಲ್ಲ.

ನನಗೆ ತುಂಬಾ ಇಷ್ಟವಾಗುವ ಸಂಗತಿ ಬೇರೆ. ಗುಂಡನ ಬಗ್ಗೆ ಜಾಸ್ತಿ ಪ್ರಶ್ನೆ ಕೇಳಿದರೆ ಮಕ್ಕಳೇ ಎಷ್ಟೋ ಸಲ "ಇದು ಸುಮ್ನೆ, ಆಟಕ್ಕೆ" ಅಂತ ದೊಡ್ಡವರಿಗೆ ತಿಳಿಹೇಳುತ್ತಾರೆ. ಟೇಲರ್ ಮಾತಾಡಿಸಿದ ಮಕ್ಕಳಲ್ಲೂ ಹೀಗೆ ಹೇಳಿದವರಿದ್ದರು. ‘ಆಟಕ್ಕೆ’ ಎಷ್ಟು ಒಳ್ಳೆಯ ಪದ, ಅಲ್ವಾ? ಸುಳ್ಳು ಹೇಳುವುದು ಎದುರಿನವರನ್ನು ನಂಬಿಸಲು. ಆಟಕ್ಕೆ ಅಂದಾಗ ಇಬ್ಬರಿಗೂ ನಿಜ ಗೊತ್ತಿರುತ್ತದೆ.

ಅಡುಗೆ ಆಟ ನೋಡಿ. ಕರಟದಲ್ಲಿ ಮಣ್ಣು ಮೆತ್ತಿ ಇಡ್ಲಿ ಅಂತ ಬಡಿಸುವ ಮಗು ಅದನ್ನು ಬಾಯಿಗೆ ಹಾಕಿಕೊಳ್ಳುವುದಿಲ್ಲ, ತಿಂದ ಹಾಗೆ ಮಾಡುತ್ತದೆ. ಮಣ್ಣು ಮಣ್ಣೇ ಅಂತ ಗೊತ್ತಿದ್ದೂ ಅದಕ್ಕೆ ಇನ್ನೊಂದು ಅರ್ಥ ಕೊಡುತ್ತದೆ. ರಷ್ಯಾದ ಮನಶ್ಶಾಸ್ತ್ರಜ್ಞ ಲೆವ್ ವೈಗೋಟ್‌ಸ್ಕಿ 1933ರ ಉಪನ್ಯಾಸದಲ್ಲಿ ಹೇಳಿದ್ದು ಇದನ್ನೇ: ಕೋಲನ್ನು ಕುದುರೆ ಮಾಡಿಕೊಂಡು ಓಡುವಾಗ ಮಗು ವಸ್ತುವಿನಿಂದ ಅರ್ಥವನ್ನು ಬೇರೆ ಮಾಡುವುದನ್ನು ಕಲಿಯುತ್ತದೆ. ಆಟದಲ್ಲಿ ನಿಯಮವೂ ಇರುತ್ತದೆ. ಪೇಷೆಂಟ್ ಆದವರು ಇಂಜೆಕ್ಷನ್ ಮುಗಿಯುವ ತನಕ ಅಲುಗಾಡದೆ ಮಲಗಬೇಕು. ಬೇರೆ ಹೊತ್ತಲ್ಲಿ ಎರಡು ನಿಮಿಷ ಕೂರದ ಮಗು ಅದನ್ನು ಖುಷಿಯಿಂದ ಮಾಡುತ್ತದೆ.

ಗುಂಡನಿಂದ ಮಗು ನಿಜವಾಗಿ ಹೆದರುತ್ತಿದ್ದರೆ, ನಿದ್ದೆ, ಊಟ ಬಿಟ್ಟರೆ ಡಾಕ್ಟರಿಗೆ ತೋರಿಸಿ. ಇಲ್ಲದಿದ್ದರೆ ತಟ್ಟೆ ಹಾಕಿ. ಆದರೆ ಗುಂಡನ ಕಥೆಯನ್ನು ನೀವು ಮುಂದುವರಿಸಬೇಡಿ, ಅದು ಮಗುವಿನದು. "ಹಾಲು ಚೆಲ್ಲಿದ್ದು ನಾನಲ್ಲ, ಗುಂಡ" ಅಂದರೆ ಗುಂಡ ಇದ್ದಾನೋ ಇಲ್ಲವೋ ಅಂತ ವಾದಕ್ಕೆ ಇಳಿಯದೆ ಒಂದು ಬಟ್ಟೆ ಕೊಟ್ಟು, ಇಬ್ಬರೂ ಸೇರಿ ಒರೆಸಿ ಅನ್ನಿ.