ಶೇ 40 ಇಲ್ಲದಿದ್ದರೆ ಆಫೀಸಿನಲ್ಲಿ ಏನೂ ಕೇಳುವ ಹಾಗಿಲ್ಲವೇ?

ಪ್ರಶ್ನೆ: ಬೈಕ್ ಅಪಘಾತದ ನಂತರ ನನ್ನ ಬಲ ಮಂಡಿ ಪೂರ್ತಿ ಮಡಚುವುದಿಲ್ಲ. ಅಂಗವೈಕಲ್ಯ ಪ್ರಮಾಣಪತ್ರದಲ್ಲಿ ಶೇ 30 ಎಂದಿದೆ. ಖಾಸಗಿ ಕಂಪನಿಯಲ್ಲಿ ಕೆಲಸ; ಸೀಟು 2ನೇ ಮಹಡಿಯಲ್ಲಿ, ಲಿಫ್ಟ್ ಇಲ್ಲ. ಕೆಳಗೆ ಸೀಟು ಕೇಳಿದರೆ ಎಚ್‌ಆರ್‌ನವರು ‘ಶೇ 40 ಇದ್ದರೆ ಮಾತ್ರ’ ಎಂದರು. ನಿಜವೇ?

ಉತ್ತರ: ಅಲ್ಲ. ಆ 40ರ ಲೆಕ್ಕ ಸರ್ಕಾರಿ ನೌಕರಿಯ ಮೀಸಲಾತಿಯಂಥ ಸೌಲಭ್ಯಗಳದ್ದು. ನೀವು ಕೇಳುತ್ತಿರುವುದು ಮೀಸಲಾತಿಯಲ್ಲ, ಮೇಜು ಕುರ್ಚಿ ಕೆಳಗೆ ಬರಲಿ ಎಂದು, ಅಷ್ಟೇ ಅಲ್ವಾ?

ಅಂಗವಿಕಲರ ಹಕ್ಕುಗಳ 2016ರ ಕಾಯ್ದೆ ಇದನ್ನು ಸಮಂಜಸ ಹೊಂದಾಣಿಕೆ ಎನ್ನುತ್ತದೆ. ಸಂಸ್ಥೆಗೆ ಅತಿಯಾದ ಹೊರೆಯಾಗದ ಹಾಗೆ ಮಾಡಿಕೊಡಬಹುದಾದ ಬದಲಾವಣೆ ಎಂದರ್ಥ. ಅಂಗವಿಕಲರು ಯಾರು ಎಂದು ಹೇಳುವಾಗ ಕಾಯ್ದೆ ಶೇಕಡಾವಾರು ಎತ್ತುವುದೇ ಇಲ್ಲ, ತೊಂದರೆ ದೀರ್ಘಕಾಲದ್ದಾಗಿರಬೇಕು. (ಮೂರು ತಿಂಗಳಲ್ಲಿ ಕೂಡಿಕೊಳ್ಳುವ ಮೂಳೆ ಮುರಿತ ಇದರಲ್ಲಿ ಬರುವುದಿಲ್ಲ.) ಬರೆಯುವಾಗ ಕೈ ಸೆಟೆದುಕೊಳ್ಳುವ ಅಭ್ಯರ್ಥಿಯೊಬ್ಬರು ಯುಪಿಎಸ್‌ಸಿ ಪರೀಕ್ಷೆಗೆ ಲಿಪಿಕಾರರನ್ನು ಕೇಳಿದಾಗಲೂ ಇದೇ 40ರ ತಕರಾರು ಬಂದಿತ್ತು. 2021ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ.

ಇದರಲ್ಲಿ ಒಂದು ತೊಡಕಿದೆ. ಹೊಂದಾಣಿಕೆ ಮಾಡಿಕೊಡಲೇಬೇಕು ಎಂದು ಕಾಯ್ದೆ ನೇರವಾಗಿ ಹೇಳಿರುವುದು ಸರ್ಕಾರಿ ಸಂಸ್ಥೆಗಳಿಗೆ. ಖಾಸಗಿಯವರ ವಿಷಯದಲ್ಲಿ ಮಾತು ಅಷ್ಟು ಬಿಗಿಯಾಗಿಲ್ಲ. ನನ್ನ ಪ್ರಕಾರ ಅದು ಕಾಯ್ದೆಯ ಕೊರತೆಯೇ. ಆದರೆ ಹೊಂದಾಣಿಕೆ ನಿರಾಕರಿಸುವುದೂ ತಾರತಮ್ಯ ಎಂದು ಅದೇ ಕಾಯ್ದೆ ಹೇಳುತ್ತದೆ. ಜೊತೆಗೆ 20 ಅಥವಾ ಅದಕ್ಕಿಂತ ಜಾಸ್ತಿ ನೌಕರರಿರುವ ಖಾಸಗಿ ಸಂಸ್ಥೆ ಸಮಾನ ಅವಕಾಶ ನೀತಿಯನ್ನು ಬರೆದು ಪ್ರಕಟಿಸಬೇಕು, ಅಂಗವಿಕಲ ನೌಕರರಿಗಾಗಿ ಒಬ್ಬ ಸಂಪರ್ಕಾಧಿಕಾರಿಯನ್ನು ನೇಮಿಸಬೇಕು. ಮೊದಲು ಆ ನೀತಿಯ ಪ್ರತಿ ಕೇಳಿ. ಎಷ್ಟೋ ಕಡೆ ಅದು ಇರುವುದು ಎಚ್‌ಆರ್‌ನವರಿಗೇ ಗೊತ್ತಿರುವುದಿಲ್ಲ.

ಆಮೇಲೆ ಇಮೇಲ್ ಬರೆಯಿರಿ. ಸುಮ್ನೆ ‘ಕಾಲು ನೋವು, ದಯವಿಟ್ಟು ಸಹಾಯ ಮಾಡಿ’ ಎಂದು ಬರೆದರೆ ‘ಹುಷಾರಾಗಿರಿ’ ಎಂಬ ಉತ್ತರ ಬರುತ್ತದೆ. ಹೀಗೆ ಬರೆಯಿರಿ: ‘ಊಟ, ಟೀ, ಮೀಟಿಂಗ್ ಸೇರಿ ದಿನಕ್ಕೆ ಆರು ಸಲ ಎರಡು ಮಹಡಿ ಹತ್ತಿಳಿಯುತ್ತಿದ್ದೇನೆ. ನೆಲಮಹಡಿಯಲ್ಲಿ ಅಕೌಂಟ್ಸ್ ಪಕ್ಕದ ಮೇಜು ಖಾಲಿ ಇದೆ. ನನ್ನ ಕೆಲಸ ಅಲ್ಲಿಂದಲೇ ಆಗುತ್ತದೆ.’ ಪ್ರಮಾಣಪತ್ರದ ಪ್ರತಿ ಲಗತ್ತಿಸಿ. ಆಸ್ಪತ್ರೆಯ ಇಡೀ ಫೈಲ್ ಕೊಡಬೇಕಿಲ್ಲ.

ಮತ್ತೆ ‘ಶೇ 40’ ಎಂದರೆ, ಅದು ಯಾವ ನಿಯಮದಲ್ಲಿದೆ ಎಂದು ಬರಹದಲ್ಲೇ ಕೊಡಲು ಹೇಳಿ. ಬಾಯಲ್ಲಿ ಸಲೀಸಾಗಿ ಹೇಳಿದ್ದನ್ನು ಬರೆದುಕೊಡುವಾಗ ಕೈ ಹಿಂಜರಿಯುತ್ತದೆ. ಬರೆದೇ ಕೊಟ್ಟರೆ, ಅದನ್ನೇ ಲಗತ್ತಿಸಿ ಬೆಂಗಳೂರಿನಲ್ಲಿರುವ ಅಂಗವಿಕಲರ ರಾಜ್ಯ ಆಯುಕ್ತರಿಗೆ ದೂರು ಕೊಡಿ.