ಉಸಿರು ಒಳಗೆಳೆಯುತ್ತಾ ಹಾಡಿದಾಕೆ

ನಾನು ಧ್ವನಿ ಚಿಕಿತ್ಸಕಿ. ನನ್ನ ಬಳಿ ಬರುವವರಲ್ಲಿ ಟೀಚರುಗಳೇ ಜಾಸ್ತಿ. ಪಾಠ ಹೇಳಿ ಹೇಳಿ ಗಂಟಲು ಕಟ್ಟಿರುತ್ತದೆ. ಕೆಲವರಿಗೆ ಧ್ವನಿತಂತುಗಳ ಮೇಲಿರುವ ಹುಸಿ ತಂತುಗಳು ಮಧ್ಯೆ ಬಂದು ಒತ್ತುತ್ತವೆ, ಮಾತು ಗೊರಗೊರ ಎನ್ನುತ್ತದೆ. ಅಂಥವರಿಗೆ, "ಉಸಿರು ಒಳಗೆಳೆದುಕೊಳ್ತಾ 'ಈ' ಅನ್ನಿ" ಎನ್ನುತ್ತೇನೆ. ಮೊದಲು ಮುಜುಗರಪಡುತ್ತಾರೆ. ಆಮೇಲೆ ಎಳೆಯಷ್ಟು ತೆಳುವಾದ ದನಿಯೊಂದು ಹೊರಡುತ್ತದೆ. ಒಳಗೆಳೆಯುವಾಗ ಹುಸಿ ತಂತುಗಳು ಪಕ್ಕಕ್ಕೆ ಸರಿಯುತ್ತವೆ, ನಿಜವಾದವು ಕಂಪಿಸುತ್ತವೆ. ಆ ದನಿಯನ್ನು ಬಿಡದೆ ಹಿಡಿದು ಉಸಿರು ಹೊರಬಿಡುವುದು ಮುಂದಿನ ಹೆಜ್ಜೆ.

ಈ ದನಿಯನ್ನೇ ವೇದಿಕೆಗೆ ತಂದವರು ಅಮೆರಿಕದ ಜೋನ್ ಲಾ ಬಾರ್ಬರಾ. 1947ರಲ್ಲಿ ಫಿಲಡೆಲ್ಫಿಯಾದಲ್ಲಿ ಹುಟ್ಟಿದವರು, ಪಾಶ್ಚಾತ್ಯ ಶಾಸ್ತ್ರೀಯ ಗಾಯನ ಕಲಿತವರು. ಅದು ಸಾಲದೆನಿಸಿ ವಾದ್ಯಗಾರರ ಜೊತೆ ಕೂತು, ವಾದ್ಯಗಳ ದನಿಯನ್ನು ಗಂಟಲಲ್ಲಿ ಹುಡುಕಿದರು. 1975ರ 'ಸರ್ಕ್ಯುಲರ್ ಸಾಂಗ್'ನಲ್ಲಿ ಉಸಿರು ಹೊರಹೋದಾಗಲೂ ಹಾಡು, ಒಳಬಂದಾಗಲೂ ಹಾಡು. ವಿಚಿತ್ರ ಅನಿಸುತ್ತೆ, ಅಲ್ವಾ? ಆದರೆ ಬಿಕ್ಕಿ ಬಿಕ್ಕಿ ಅಳುವ ಮಗು ಉಸಿರೆಳೆದುಕೊಳ್ಳುವುದನ್ನು ಕೇಳಿ. ಕತ್ತೆಯ ಕೂಗನ್ನು ಕೇಳಿ. ಎರಡರಲ್ಲೂ ಇದೇ ಇದೆ.

ನನಗೆ ಇನ್ನೂ ಇಷ್ಟ ಅವರ 1974ರ ಒಂದೇ ಸ್ವರದ ಪ್ರಯೋಗ. ನಮ್ಮವರು ಬೆಳಗಿನ ಜಾವ ಷಡ್ಜ ಹಿಡಿದು ಕೂರುವ ಹಾಗೆ ಒಂದು ಸ್ವರ ಹಿಡಿಯುತ್ತಾರೆ. ಸ್ವರ ಕದಲುವುದಿಲ್ಲ, ಅದರ ಬಣ್ಣ ಮಾತ್ರ ಬದಲಾಗುತ್ತಾ ಹೋಗುತ್ತದೆ. ನಾಲಿಗೆ ಒಂಚೂರು ಎತ್ತಿದರೆ, ತುಟಿ ಒಂಚೂರು ಮುಂದೆ ಬಂದರೆ ಬಾಯೊಳಗಿನ ಜಾಗದ ಆಕಾರ ಬದಲಾಗುತ್ತದೆ, ಆ ಸ್ವರದೊಳಗೇ ಅಡಗಿರುವ ಬೇರೆ ಬೇರೆ ಮೇಲುಸ್ವರಗಳು ಎದ್ದು ಕೇಳುತ್ತವೆ. ಮೂಗಿನ ಎರಡೂ ಬದಿಗೆ ಬೆರಳಿಟ್ಟು ಮೊದಲು 'ಮ್', ಆಮೇಲೆ 'ಆ' ಅನ್ನಿ. ಬೆರಳಿಗೇ ವ್ಯತ್ಯಾಸ ಗೊತ್ತಾಗುತ್ತದೆ.

ಅದೇ ವರ್ಷದ 'ಹಿಯರ್ ವಾಟ್ ಐ ಫೀಲ್' ಇನ್ನೊಂದು ಥರದ್ದು. ಕಣ್ಣಿಗೆ ಟೇಪ್ ಅಂಟಿಸಿಕೊಂಡು ಒಂದು ಗಂಟೆ ಏನನ್ನೂ ಮುಟ್ಟದೆ ಕೂರುವುದು. ಆಮೇಲೆ ಪ್ರೇಕ್ಷಕರ ಮುಂದೆ ಗಾಜಿನ ಬಟ್ಟಲುಗಳಿಗೆ ಕೈ ಹಾಕುವುದು. ಒಳಗೇನಿದೆ ಅಂತ ಜೋನ್ ಅವರಿಗೇ ಗೊತ್ತಿರುವುದಿಲ್ಲ. ಬೆರಳಿಗೆ ಅನಿಸಿದ್ದು ಗಂಟಲಿಂದ ಬರಬೇಕು, ಮಾತಾಗಿ ಅಲ್ಲ, ದನಿಯಾಗಿ.

ಇಂಥ ಹಾಡಿನಿಂದ ಗಂಟಲು ಹಾಳಾಗಲ್ವಾ ಅಂತ ಕೇಳುತ್ತಾರೆ. ನಾನು ಕಂಡಂತೆ ಗಂಟಲನ್ನು ಹಾಳು ಮಾಡುವುದು ವಿಚಿತ್ರ ದನಿಯಲ್ಲ, ದಣಿದ ಮೇಲೂ ಒತ್ತಿ ಒತ್ತಿ ತೆಗೆಯುವ ದನಿ. ಸುಮ್ನೆ ಅನುಕರಿಸಲು ಹೋಗಬೇಡಿ. ನೋವಾದರೆ ನಿಲ್ಲಿಸಿ. ಮೂರು ವಾರವಾದರೂ ದನಿ ಒಡೆದೇ ಇದ್ದರೆ ಕಿವಿ-ಮೂಗು-ಗಂಟಲು ವೈದ್ಯರಿಗೆ ತೋರಿಸಿ.

1982ರಲ್ಲಿ ಅಮೆರಿಕದ ಸಂಗೀತ ರಚನಕಾರ ಮಾರ್ಟನ್ ಫೆಲ್ಡ್‌ಮನ್ ಜೋನ್ ಅವರಿಗಾಗಿಯೇ 'ಥ್ರೀ ವಾಯ್ಸಸ್' ಬರೆದರು. ಎರಡು ಸ್ಪೀಕರುಗಳಿಂದ ಮೊದಲೇ ಮುದ್ರಿಸಿದ ಜೋನ್ ಅವರದೇ ದನಿ, ನಡುವೆ ನಿಂತು ಹಾಡುವ ಅವರು. ಹೆಚ್ಚುಕಡಿಮೆ ಒಂದು ಗಂಟೆ, ಬಹುಪಾಲು ಮೆಲುದನಿಯಲ್ಲೇ. ಗಟ್ಟಿಯಾಗಿ ಕೂಗುವುದಕ್ಕಿಂತ ಇದು ಕಷ್ಟ. ಉಸಿರು ಎಲ್ಲಿ ಚೂರು ನಡುಗಿದರೂ ಕೇಳಿಬಿಡುತ್ತದೆ, ಪಕ್ಕದಲ್ಲಿ ತಪ್ಪೇ ಮಾಡದ ಅವರದೇ ಎರಡು ದನಿಗಳು ಹಾಡುತ್ತಿರುತ್ತವಲ್ಲ.